18 ತುಂಬಿದರೆ ಶಾಲೆ ಇಲ್ಲ, ಮುಂದೇನು?

ಪ್ರಶ್ನೆ: ಮಗನಿಗೆ 17 ವರ್ಷ. ಬೌದ್ಧಿಕ ಅಂಗವೈಕಲ್ಯ, ಸರ್ಟಿಫಿಕೇಟಿನಲ್ಲಿ 60% ಅಂತಿದೆ. 18 ತುಂಬಿದ ಮೇಲೆ ಇಟ್ಟುಕೊಳ್ಳಲ್ಲ ಅಂತ ವಿಶೇಷ ಶಾಲೆಯವರು ಹೇಳಿದ್ದಾರೆ. ನಮ್ಮದು ಕಿರಾಣಿ ಅಂಗಡಿ. ಸಾಮಾನು ಚೆನ್ನಾಗಿ ಜೋಡಿಸುತ್ತಾನೆ, ಆದ್ರೆ ಗಿರಾಕಿ ಬಂದರೆ ಅವರಪ್ಪ ಒಳಗೆ ಕಳಿಸಿಬಿಡುತ್ತಾರೆ. ನಮ್ಮ ನಂತರ ಇವನನ್ನು ತಂಗಿನೇ ನೋಡ್ಕೋಬೇಕಾ?
– ಒಬ್ಬ ತಾಯಿ, ಹಾವೇರಿ ಜಿಲ್ಲೆ

ಉತ್ತರ: ಮೊದಲು ಆ ಒಳಗೆ ಕಳಿಸೋದನ್ನು ನಿಲ್ಲಿಸಿ ತಾಯಿ. ಯಜಮಾನರಿಗೂ ಇದನ್ನು ಓದಿಸಿ. ಕೆಲಸ ಕಲಿಯೋಕೆ ಅಂಗಡಿಗಿಂತ ಒಳ್ಳೆ ಜಾಗ ಎಲ್ಲಿ ಸಿಗುತ್ತೆ? ಅರ್ಧ ಕೆಜಿಗೆ 0.500 ಅಂತ ದೊಡ್ಡದಾಗಿ ಬರೆದ ಚೀಟಿಯನ್ನು ತೂಕದ ಮಷಿನ್ ಪಕ್ಕ ಅಂಟಿಸಿ, ಮಷಿನ್‌ನಲ್ಲೂ ಹಾಗೇ ಕಾಣೋವರೆಗೆ ಸಕ್ಕರೆ ಹಾಕು ಅಂತ ತೋರಿಸಿ, ನಾಲ್ಕು ದಿನ ಜೊತೆಗಿದ್ದು ಆಮೇಲೆ ಸ್ವಲ್ಪ ಸ್ವಲ್ಪವೇ ದೂರ ನಿಲ್ಲಿ. ಚಿಲ್ಲರೆ ಲೆಕ್ಕ ಬರದಿದ್ದರೂ ಚಿಂತೆಯಿಲ್ಲ, ಫೋನ್‌ಪೇ ಡಬ್ಬಿ ಎಷ್ಟು ಬಂತು ಅಂತ ತಾನೇ ಕೂಗಿ ಹೇಳುತ್ತಲ್ವಾ! ತಿಂಗಳಿಗಿಷ್ಟು ಅಂತ ಸಂಬಳ ಅವನ ಕೈಗೇ ಕೊಡಿ. ಮನೆ ಮಗ ಅಂತ ಸುಮ್ನೆ ದುಡಿಸಬೇಡಿ.

ಆಮೇಲೆ ಪರಿಚಯದ ಬೇರೆ ಅಂಗಡಿಯಲ್ಲಿ ದಿನಕ್ಕೆರಡು ತಾಸು ಬಿಡಿ, ಅಪ್ಪನಲ್ಲದವರ ಮಾತು ಕೇಳೋದೂ ರೂಢಿಯಾಗಬೇಕು. ಜನ ಏನಂತಾರೋ ಅನ್ನೋ ಅಳುಕಿದ್ದರೆ ಮಿಟ್ಟಿ ಕೆಫೆ ನೋಡಿ. 2017ರಲ್ಲಿ ನಿಮ್ಮ ಪಕ್ಕದ ಹುಬ್ಬಳ್ಳಿಯಲ್ಲೇ ಶುರುವಾಗಿದ್ದು, 2023ರಲ್ಲಿ ಸುಪ್ರೀಂ ಕೋರ್ಟ್ ಆವರಣಕ್ಕೂ ಹೋಯಿತು. ಅಲ್ಲಿ ಇಂಥ ಮಕ್ಕಳೇ ಗಿರಾಕಿಗಳ ಮುಂದೆ ನಿಂತು ಚಹಾ ಕೊಡುತ್ತಾರೆ.

ಇನ್ನು ಕಾಗದಪತ್ರ. ಯುಡಿಐಡಿ ಕಾರ್ಡ್, ಅಂದ್ರೆ ಅಂಗವಿಕಲರಿಗೆ ಸರ್ಕಾರ ಕೊಡೋ ಗುರುತಿನ ಚೀಟಿ, ಮಾಡಿಸಿದ್ದೀರಾ? ಇದ್ದರೆ ಅದರ ಅವಧಿ ನೋಡಿ. ತುಂಬಾ ಜನಕ್ಕೆ ಗೊತ್ತಿಲ್ಲದ ಸಂಗತಿ ಇನ್ನೊಂದಿದೆ: 18 ತುಂಬಿದ ದಿನದಿಂದ ಕಾನೂನಿನ ಲೆಕ್ಕದಲ್ಲಿ ಅವನು ವಯಸ್ಕ, ಹೆತ್ತವರು ಅಂದ ಮಾತ್ರಕ್ಕೆ ನೀವು ಅವನ ಪರವಾಗಿ ಸಹಿ ಹಾಕೋಕೆ ಬರಲ್ಲ. 1999ರ ರಾಷ್ಟ್ರೀಯ ನ್ಯಾಸ ಕಾಯ್ದೆ ಪ್ರಕಾರ ಜಿಲ್ಲಾಧಿಕಾರಿ ನೇತೃತ್ವದ ಸ್ಥಳೀಯ ಸಮಿತಿಗೆ ಅರ್ಜಿ ಕೊಟ್ಟರೆ ನಿಮ್ಮನ್ನು ಕಾನೂನು ಪ್ರಕಾರ ಪಾಲಕರು (ಗಾರ್ಡಿಯನ್) ಅಂತ ನೇಮಿಸುತ್ತಾರೆ. ಎಲ್ಲ ಮಕ್ಕಳಿಗೂ ಇದು ಬೇಕಂತಿಲ್ಲ. ತನ್ನ ಹಣ, ಆಸ್ತಿಯ ವಿಷಯ ಅವನಿಗೆಷ್ಟು ಅರ್ಥವಾಗುತ್ತೆ ಅಂತ ನೋಡಿಕೊಂಡು ಮುಂದುವರಿಯಿರಿ. ತಾಲ್ಲೂಕು ಪಂಚಾಯ್ತಿಯಲ್ಲಿ ಎಂಆರ್‌ಡಬ್ಲ್ಯೂ ಅಂತ, ಅಂದ್ರೆ ಅಂಗವಿಕಲರ ಕೆಲಸ ನೋಡಿಕೊಳ್ಳೋ ಪುನರ್ವಸತಿ ಕಾರ್ಯಕರ್ತರು, ಒಬ್ಬರು ಇರುತ್ತಾರೆ, ಅವರನ್ನು ಹಿಡಿಯಿರಿ, ಅರ್ಧ ಓಡಾಟ ತಪ್ಪುತ್ತೆ.

ಸರ್ಕಾರಿ ನೌಕರಿಯಲ್ಲಿ ಕನಿಷ್ಠ 4% ಮೀಸಲಾತಿ ಇರೋದು ನಿಜ. ಆದರೆ ಅದನ್ನೇ ನಂಬಿ ಕೂರಬೇಡಿ.

ತಂಗಿ ವಿಷಯಕ್ಕೆ ಬಂದರೆ, ಅವಳನ್ನೊಮ್ಮೆ ಕೇಳಿದ್ದೀರಾ? ಅವಳ ಓದು, ಮದುವೆ ಎಲ್ಲ ಇನ್ನೂ ಮುಂದಿದೆ ಅಂದುಕೊಳ್ತೀನಿ. ಈಗಲೇ ಅವಳಿಂದ ಮಾತು ತಗೋಬೇಡಿ. ಅಣ್ಣ ಒಬ್ಬನೇ ಬಸ್ ಹತ್ತಿ ಸಂತೆಗೆ ಹೋಗಿ ಬರೋದು, ತನ್ನ ಬಟ್ಟೆ ತಾನೇ ಒಗೆಯೋದು, ಒಂದು ಅನ್ನ ಸಾರು ಮಾಡೋದು, ಇಷ್ಟು ಕಲಿತರೆ ಅವಳ ಪಾಲಿಗೆ ಬರುವ ಭಾರ ಎಷ್ಟೋ ಕಮ್ಮಿ ಆಗುತ್ತೆ. ಬಟ್ಟೆ ಒಗೆಯೋದನ್ನು ಈ ಭಾನುವಾರದಿಂದಲೇ ಶುರು ಮಾಡಿಸಿ.