ಜಪಾನಿನ ಮೊದಲ ದೊಡ್ಡ ಬೌದ್ಧ ದೇವಾಲಯಕ್ಕೆ ಕೊರಿಯಾದಿಂದ ಕುಶಲಕರ್ಮಿಗಳು ಏಕೆ ಬರಬೇಕಾಯಿತು?

ಹಂಚಿನ ಮಾಡಿನ ಭಾರ ಹೊರುವ ಕಟ್ಟಡ ಕಟ್ಟಿ ಜಪಾನಿನ ಬಡಗಿಗಳಿಗೆ ಅಭ್ಯಾಸವಿರಲಿಲ್ಲ, ಅದಕ್ಕೆ. ಮರಗೆಲಸದಲ್ಲಿ ಅವರೇನೂ ಹಿಂದೆ ಬಿದ್ದಿರಲಿಲ್ಲ. ಆದರೆ ಕಂಬಗಳನ್ನು ನೇರವಾಗಿ ನೆಲದಲ್ಲಿ ಹೂತು, ಮೇಲೆ ಹುಲ್ಲು ಅಥವಾ ತೊಗಟೆ ಹೊದಿಸುವುದು ಅವರ ರೂಢಿ. ಹೂತ ಕಂಬ ತೇವ ಹೀರಿ ಬುಡದಲ್ಲೇ ಕೊಳೆಯುತ್ತದೆ. ಹಗುರ ಮಾಡಾದರೆ ಬಿಚ್ಚಿ ಮತ್ತೆ ಕಟ್ಟಬಹುದು. ಅದೇ ರೂಢಿಯ ಇಸೆ ಎಂಬ ಶಿಂಟೋ ದೇಗುಲವನ್ನು 20 ವರ್ಷಕ್ಕೊಮ್ಮೆ ಹೊಸದಾಗಿ ಕಟ್ಟುವುದು ಇಂದಿಗೂ ನಡೆದಿದೆ. ಹಂಚಿನ ಮಾಡಿನ ಕೆಳಗೆ ಆ ಆಟ ನಡೆಯುವುದಿಲ್ಲ.

588ರಲ್ಲಿ ಪ್ರಬಲ ಮಂತ್ರಿ ಸೊಗಾ ನೊ ಉಮಾಕೊ ಆ ಮೊದಲ ದೊಡ್ಡ ದೇವಾಲಯವಾದ ಅಸುಕಾ-ದೆರಾದ ಕೆಲಸ ಶುರು ಮಾಡಿಸಿದ. ಕೊರಿಯಾದ ಬೆಕ್ಜೆ ರಾಜ್ಯ ಭಿಕ್ಷುಗಳ ಜೊತೆಗೆ ದೇವಾಲಯದ ಬಡಗಿಗಳು, ಹಂಚು ಮಾಡುವವರು, ಗೋಪುರದ ಲೋಹದ ಕಳಶ ಎರೆಯುವವನು, ಚಿತ್ರಕಾರ, ಎಲ್ಲರನ್ನೂ ಕಳಿಸಿತು. ಅವರ ವಿಧಾನವೇ ಬೇರೆ: ಮಣ್ಣನ್ನು ತೆಳು ಪದರಗಳಾಗಿ ಹರಡಿ, ಒಂದೊಂದು ಪದರವನ್ನೂ ದಿಮ್ಮಸು ಹೊಡೆದು ಎತ್ತರದ ಜಗಲಿ ಮಾಡುವುದು, ಅದರ ಮೇಲೆ ಅಡಿಗಲ್ಲು, ಕಲ್ಲಿನ ಮೇಲೆ ಕಂಬ. ಕಂಬದ ಬುಡ ಒಣಗಿಯೇ ಇರುತ್ತದೆ. ಹಂಚಿನ ಭಾರ ಚೌಕಟ್ಟನ್ನು ಒತ್ತಿ ಹಿಡಿಯುತ್ತದೆ. 596ರ ಹೊತ್ತಿಗೆ ಕಟ್ಟಡ ಮುಗಿಯಿತು.

ಇಂಥ ದೇವಾಲಯಗಳಲ್ಲೂ ಹೂತ ಕಂಬ ಒಂದು ಕಡೆ ಕಾಣುತ್ತದೆ, ಗೋಪುರದ ನಡುಗಂಬದಲ್ಲಿ. ಜಪಾನಿನ ಇನ್ನೊಂದು ಹಳೆಯ ಬೌದ್ಧ ದೇವಾಲಯ ಹೊರ್ಯು-ಜಿಯ ಐದಂತಸ್ತಿನ ಗೋಪುರದಲ್ಲಿ ಅದನ್ನು ನೆಲದೊಳಗೇ ಹೂತಿದ್ದರು. 20ನೆಯ ಶತಮಾನದಲ್ಲಿ ಅಡಿಯನ್ನು ಪರೀಕ್ಷಿಸಿದಾಗ ಬುಡ ಕೊಳೆತುಹೋಗಿ ಬರೀ ಪೊಳ್ಳು ಉಳಿದಿತ್ತು. ಗೋಪುರ ಮಾತ್ರ ನಿಂತೇ ಇತ್ತು, ಏಕೆಂದರೆ ಅಂತಸ್ತುಗಳ ಭಾರ ಹೊತ್ತಿದ್ದು ಸುತ್ತಲಿನ ಕಂಬಗಳು. ನಡುಗಂಬದ ಮುಖ್ಯ ಕೆಲಸ ತುದಿಯ ಕಳಶ ಹೊರುವುದು.