ಸೋತ ತಂಡಕ್ಕೆ ಚಾಂಪಿಯನ್ ಪಟ್ಟವೇ? — ಸಂಪಾದಕರ ಉತ್ತರ

ಪ್ರಶ್ನೆ: ಯುದ್ಧಕಾಲದ ಕ್ರೀಡೆಯ ಬಗ್ಗೆ ಕಳೆದ ಸಂಚಿಕೆಯಲ್ಲಿ ಬಂದ ಲೇಖನದಲ್ಲಿ, 1943ರ ಅಮೆರಿಕದ ಕಾಲೇಜು ಫುಟ್‌ಬಾಲ್ ಚಾಂಪಿಯನ್ ಪಟ್ಟ ನೋಟರ್ ಡೇಮ್ ವಿಶ್ವವಿದ್ಯಾಲಯಕ್ಕೆ ದಕ್ಕಿತೆಂದೂ, ಅದೇ ತಂಡದ ಏಂಜೆಲೊ ಬರ್ಟೆಲ್ಲಿ ಅವರಿಗೆ ವರ್ಷದ ಶ್ರೇಷ್ಠ ಆಟಗಾರನಿಗೆ ಸಲ್ಲುವ ಹೈಸ್‌ಮನ್ ಟ್ರೋಫಿ ಬಂತೆಂದೂ ಬರೆದಿದ್ದೀರಿ. ಆ ತಂಡ ಕೊನೆಯ ಪಂದ್ಯ ಸೋತಿತ್ತು. ಪರ್ಡ್ಯೂ ವಿಶ್ವವಿದ್ಯಾಲಯ ಒಂದನ್ನೂ ಸೋತಿರಲಿಲ್ಲ. ಬರ್ಟೆಲ್ಲಿ ಆಡಿದ್ದಾದರೂ ಆರೇ ಪಂದ್ಯ. ಇದು ಯಾವ ನ್ಯಾಯ? ಅಷ್ಟಕ್ಕೂ, ಒಂದು ಕಡೆ ಯುವಕರು ರಣರಂಗದಲ್ಲಿ ಸಾಯುತ್ತಿದ್ದಾಗ ಇನ್ನೊಂದು ಕಡೆ ಕಾಲೇಜು ಹುಡುಗರು ಆಟವಾಡಿಕೊಂಡಿದ್ದುದು ಸರಿಯೇ?
— ಓದುಗರೊಬ್ಬರು, ಧಾರವಾಡ

ಉತ್ತರ: ಮಾನ್ಯರೇ, ನಿಮ್ಮ ಕೊನೆಯ ಪ್ರಶ್ನೆಯನ್ನೇ ಮೊದಲು ಎತ್ತಿಕೊಳ್ಳುತ್ತೇನೆ, ಉಳಿದೆರಡರ ಉತ್ತರವೂ ಅದನ್ನೇ ಅವಲಂಬಿಸಿದೆ. ಯುದ್ಧದ ನಡುವೆ ಆಟ ಮುಂದುವರಿದದ್ದು ಅಮೆರಿಕದಲ್ಲಷ್ಟೇ ಅಲ್ಲ. ನಮ್ಮ ರಣಜಿ ಟ್ರೋಫಿಯೂ ನಿಲ್ಲಲಿಲ್ಲ; 1941-42ರ ಫೈನಲ್‌ನಲ್ಲಿ ಮೈಸೂರು ತಂಡ ಬೊಂಬಾಯಿಗೆ ಸೋತದ್ದು ಮಹಾಯುದ್ಧದ ಕಾಲದಲ್ಲೇ. ಆದರೆ ಅಂಡಾಕಾರದ ಚೆಂಡನ್ನು ಕೈಯಲ್ಲಿ ಹಿಡಿದು ಓಡುವ ಅಮೆರಿಕದ ಆ ಫುಟ್‌ಬಾಲ್, 1943ರ ಮಟ್ಟಿಗಂತೂ, ಸೇನೆಯಿಂದ ನುಣುಚಿಕೊಂಡವರ ಆಟವಾಗಿರಲಿಲ್ಲ. ಆ ವರ್ಷ ಮುಂಚೂಣಿಯಲ್ಲಿದ್ದ ತಂಡಗಳಲ್ಲಿ ಬಹುಮಟ್ಟಿಗೆ ಆಗಲೇ ಸೇನೆಗೆ ಸೇರಿದವರೇ ಇದ್ದರು.

1943ರ ಜುಲೈ 1ರಂದು ಅಲ್ಲಿನ ನೌಕಾಪಡೆ ‘ವಿ-12’ ಎಂಬ ಯೋಜನೆಯನ್ನು ಆರಂಭಿಸಿತು. ಮುಂದೆ ನೌಕಾಪಡೆಯಲ್ಲೋ ಮರೀನ್ ದಳದಲ್ಲೋ ಅಧಿಕಾರಿಗಳಾಗಬೇಕಿದ್ದ ಯುವಕರನ್ನು 131 ಕಾಲೇಜುಗಳಿಗೆ ಹಂಚಿ, ಸಮವಸ್ತ್ರ ತೊಡಿಸಿ, ಪಾಠದ ಜೊತೆಗೆ ವಾರಕ್ಕೆ ಒಂಬತ್ತೂವರೆ ಗಂಟೆಯ ದೈಹಿಕ ತರಬೇತಿ ಕೊಡುವ ಏರ್ಪಾಡು ಅದು. ಈ ಅಭ್ಯರ್ಥಿಗಳು ತಾವಿರುವ ಕಾಲೇಜಿನ ಪರವಾಗಿ ಪಂದ್ಯಗಳಲ್ಲಿ ಆಡಬಹುದೆಂದು ನೌಕಾಪಡೆ ಒಪ್ಪಿತು. ಇಂಥ ಒರಟು ಆಟ ಸೈನಿಕನ ಮೈಯನ್ನೂ ಮನಸ್ಸನ್ನೂ ಗಟ್ಟಿಮಾಡುತ್ತದೆ ಎಂಬುದು ಅದರ ನಿಲುವು. ಭೂಸೇನೆಯಾದರೋ, ಪಾಠಗಳ ಹೊರೆಯ ನಡುವೆ ಪಂದ್ಯಗಳಿಗೆ ಬಿಡುವಿಲ್ಲವೆಂದು, ಕಾಲೇಜುಗಳಲ್ಲಿದ್ದ ತನ್ನ ಅಭ್ಯರ್ಥಿಗಳಿಗೆ ಅನುಮತಿ ಕೊಡಲಿಲ್ಲ. ಯಾರ ತಂಡ ಉಳಿಯಬೇಕು, ಯಾರದು ಮುಳುಗಬೇಕು ಎಂಬುದನ್ನು ಬಹುಪಾಲು ಈ ಒಂದು ವ್ಯತ್ಯಾಸವೇ ನಿರ್ಧರಿಸಿತು. ಅಲಬಾಮಾ, ಟೆನೆಸೀ, ಸ್ಟ್ಯಾನ್‌ಫರ್ಡ್‌ನಂತಹ ಹೆಸರಾಂತ ವಿಶ್ವವಿದ್ಯಾಲಯಗಳು ಆ ವರ್ಷ ತಂಡವನ್ನೇ ಕಣಕ್ಕಿಳಿಸಲಿಲ್ಲ. ನೌಕಾಪಡೆಯ ಘಟಕವಿದ್ದ ಕಾಲೇಜುಗಳಿಗೆ ಮಾತ್ರ ನಿನ್ನೆ ಮೊನ್ನೆಯವರೆಗೂ ಎದುರಾಳಿಗಳಾಗಿದ್ದ ಆಟಗಾರರು ಸರ್ಕಾರಿ ಆದೇಶದ ಮೇಲೆ ಬಂದು ಸೇರಿದರು.

ನೀವು ಪಕ್ಷ ವಹಿಸಿರುವ ಪರ್ಡ್ಯೂ ತಂಡವೇ ಇದಕ್ಕೆ ಒಳ್ಳೆಯ ನಿದರ್ಶನ. ಅದರ ಮುಖ್ಯ ಓಟಗಾರ ಟೋನಿ ಬಟ್ಕೊವಿಚ್ ಅದಕ್ಕೆ ಮೊದಲು ಇಲಿನಾಯ್ ವಿಶ್ವವಿದ್ಯಾಲಯದ ಆಟಗಾರ. ಮರೀನ್ ತರಬೇತಿಗೆಂದು ಪರ್ಡ್ಯೂಗೆ ಬಂದ ಅವರು ಅದೇ ವರ್ಷ ತಮ್ಮ ಹಳೆಯ ಕಾಲೇಜಿನ ವಿರುದ್ಧವೇ ಕಣಕ್ಕಿಳಿದು, ಹಳೆಯ ಸಂಗಡಿಗರನ್ನು ಸೋಲಿಸಿದರು. 1945ರ ಏಪ್ರಿಲ್‌ನಲ್ಲಿ ಓಕಿನಾವಾ ದ್ವೀಪದ ಕಾಳಗದಲ್ಲಿ ಅವರು ಮಡಿದರು. ಆಡುತ್ತಿದ್ದವರು ಬೇರೆ, ಸಾಯುತ್ತಿದ್ದವರು ಬೇರೆ ಎಂಬ ನಿಮ್ಮ ವಿಂಗಡಣೆಯನ್ನು ನಾನು ಒಪ್ಪದಿರುವುದು ಇದಕ್ಕೇ.

ಇನ್ನು ಚಾಂಪಿಯನ್ ಪಟ್ಟದ ವಿಚಾರ. ಅಲ್ಲಿನ ಕಾಲೇಜು ಫುಟ್‌ಬಾಲ್‌ನಲ್ಲಿ ಆಗ ಸೆಮಿಫೈನಲ್, ಫೈನಲ್ ಎಂಬುದಿರಲಿಲ್ಲ. ಅಸೋಸಿಯೇಟೆಡ್ ಪ್ರೆಸ್ ಸುದ್ದಿಸಂಸ್ಥೆ ಕ್ರೀಡಾ ಪತ್ರಕರ್ತರ ಮತ ಪಡೆದು ತಂಡಗಳಿಗೆ ಕ್ರಮಾಂಕ ಕೊಡುತ್ತಿತ್ತು; ಋತುವಿನ ಕೊನೆಯ ಪಟ್ಟಿಯಲ್ಲಿ ಮೊದಲ ಸ್ಥಾನದಲ್ಲಿದ್ದವರೇ ಚಾಂಪಿಯನ್. ಪತ್ರಕರ್ತರು ಎಣಿಸಿದ್ದು ಗೆಲುವುಗಳನ್ನಲ್ಲ, ಎದುರಾಳಿಗಳ ತೂಕವನ್ನು. ಆ ಪಟ್ಟಿಯಲ್ಲಿ ಎರಡನೆಯದು ಅಯೋವಾ ಪ್ರಿ-ಫ್ಲೈಟ್ ಎಂಬ ನೌಕಾ ವೈಮಾನಿಕ ತರಬೇತಿ ಶಾಲೆ, ಮೂರನೆಯದು ಮಿಷಿಗನ್, ನಾಲ್ಕನೆಯದು ನೌಕಾಪಡೆಯ ಅಕಾಡೆಮಿ. ಈ ಮೂರೂ ತಂಡಗಳು ಆ ಋತುವಿನಲ್ಲಿ ಸೋತದ್ದು ತಲಾ ಒಂದೇ ಪಂದ್ಯ, ಮತ್ತು ಮೂರೂ ಸೋತದ್ದು ನೋಟರ್ ಡೇಮ್‌ಗೆ: ಮಿಷಿಗನ್ 35-12ರಿಂದ, ಅಕಾಡೆಮಿ 33-6ರಿಂದ, ಅಯೋವಾದವರು 14-13ರಿಂದ, ಅಂದರೆ ಒಂದೇ ಒಂದು ಅಂಕದಿಂದ. ಪರ್ಡ್ಯೂ ತಂಡಕ್ಕೆ ಈ ಮೂವರಲ್ಲಿ ಒಬ್ಬರೂ ಎದುರಾಗಲಿಲ್ಲ. ಒಂಬತ್ತಕ್ಕೆ ಒಂಬತ್ತನ್ನೂ ಗೆದ್ದರೂ ಅದು ಐದನೆಯ ಸ್ಥಾನಕ್ಕೆ ನಿಂತಿತು.

ನೋಟರ್ ಡೇಮ್ ಸೋತದ್ದು ನವೆಂಬರ್ 27ರಂದು, ಗ್ರೇಟ್ ಲೇಕ್ಸ್ ನೌಕಾ ತರಬೇತಿ ಕೇಂದ್ರಕ್ಕೆ. ಇದು ಕಾಲೇಜೇ ಅಲ್ಲ. ವೃತ್ತಿಪರ ಲೀಗ್‌ನಲ್ಲಿ ಆಡಿ ಪಳಗಿದ್ದ ಸ್ಟೀವ್ ಲ್ಯಾಕ್‌ನಂಥವರು ಆ ತಂಡದಲ್ಲಿದ್ದರು. ಆಟ ಮುಗಿಯಲು ಒಂದು ನಿಮಿಷವೂ ಉಳಿದಿಲ್ಲದಾಗ 14-12ರಿಂದ ಮುಂದಿದ್ದ ನೋಟರ್ ಡೇಮ್ ವಿರುದ್ಧ ಲ್ಯಾಕ್ ಎಸೆದ ನೀಳ ಪಾಸ್ ಟಚ್‌ಡೌನ್ ಆಗಿ, ಅಂದರೆ ಚೆಂಡು ಎದುರಾಳಿಯ ಗೋಲು ಗೆರೆಯಾಚೆ ತಲುಪಿ, ಪಂದ್ಯ 19-14ಕ್ಕೆ ಮುಗಿಯಿತು. ಹೀಗೆ ಸೋತ ಇಪ್ಪತ್ತರ ಆಸುಪಾಸಿನ ಹುಡುಗರನ್ನು ಕೆಳಗಿಳಿಸಲು ಪತ್ರಕರ್ತರಿಗೆ ಮನಸ್ಸಾಗಲಿಲ್ಲವೆಂದರೆ ನನಗೆ ಆಶ್ಚರ್ಯವಿಲ್ಲ. ಆದರೂ ನಿಮ್ಮ ಪರವಾಗಿ ಒಂದು ಮಾತು ಇದೆ: ಇದೇ ಗ್ರೇಟ್ ಲೇಕ್ಸ್ ತಂಡವನ್ನು ಪರ್ಡ್ಯೂ ಋತುವಿನ ಆರಂಭದಲ್ಲಿಯೇ ಸೋಲಿಸಿತ್ತು. ಅಲ್ಲದೆ ನೋಟರ್ ಡೇಮ್‌ನ ದೊಡ್ಡ ಗೆಲುವುಗಳು ಕೆಲವು ನೋಡಲಷ್ಟೇ ದೊಡ್ಡವು. ವಿಸ್ಕಾನ್ಸಿನ್ ಮೇಲೆ 50-0, ಇಲಿನಾಯ್ ಮೇಲೆ 47-0 ಎಂದರೆ ಕೇಳಲು ಚೆನ್ನ. ಆದರೆ ವಿಸ್ಕಾನ್ಸಿನ್‌ನ ಪ್ರಮುಖ ಆಟಗಾರ ಎಲ್ರಾಯ್ ಹರ್ಷ್ ಆಗ ಮಿಷಿಗನ್‌ನಲ್ಲಿದ್ದರು, ಇಲಿನಾಯ್‌ನ ಪಾಡು ಮೇಲೆಯೇ ಹೇಳಿದೆ. ಪಟ್ಟ ನೋಟರ್ ಡೇಮ್‌ಗೆ ಹೋದದ್ದು ಸರಿಯೆಂದೇ ನನ್ನ ಅಭಿಪ್ರಾಯ, ಆದರೆ ಆ ಎರಡು ಪಂದ್ಯಗಳನ್ನು ಲೆಕ್ಕಕ್ಕೆ ಹಿಡಿದಲ್ಲ.

ಬರ್ಟೆಲ್ಲಿಯವರ ಟ್ರೋಫಿಯ ವಿಷಯದಲ್ಲಿ ನನಗೆ ಅಷ್ಟು ಖಚಿತವಿಲ್ಲ. ವಿ-12ರ ಮೊದಲ ಅವಧಿ ಅಕ್ಟೋಬರ್ ಅಂತ್ಯಕ್ಕೆ ಮುಗಿದುದರಿಂದ ಅನೇಕ ಆಟಗಾರರು ಋತುವಿನ ಮಧ್ಯದಲ್ಲಿಯೇ ಹೊರಡಬೇಕಾಯಿತು. ಅಕ್ಟೋಬರ್ 30ರಂದು ಅಕಾಡೆಮಿಯ ವಿರುದ್ಧ ಆಡಿದ ಬರ್ಟೆಲ್ಲಿ ಅಲ್ಲಿಗೆ ಕಾಲೇಜು ಆಟ ಮುಗಿಸಿ, ಪ್ಯಾರಿಸ್ ಐಲೆಂಡ್‌ನ ಮರೀನ್ ಶಿಬಿರ ಸೇರಿದರು. ಪ್ರಶಸ್ತಿಯ ಸುದ್ದಿ ತಲುಪಿದ್ದು ಅಲ್ಲಿಗೇ. ಆ ಆರು ಪಂದ್ಯಗಳಲ್ಲಿ ಅವರು ಎಸೆದ ಪಾಸ್‌ಗಳು ಕೇವಲ 36. ಅವುಗಳಲ್ಲಿ 25 ಗುರಿ ಮುಟ್ಟಿದವು, 10 ಟಚ್‌ಡೌನ್ ಆದವು. ಇದು ಅಸಾಧಾರಣ ಆಟವೆಂಬುದರಲ್ಲಿ ಎರಡು ಮಾತಿಲ್ಲ. ಆದರೆ ಅದೇ ತಂಡದ ಕ್ರೈಟನ್ ಮಿಲ್ಲರ್, ಅಧಿಕ ರಕ್ತದೊತ್ತಡದ ಕಾರಣ ಸೇನೆಯಿಂದ ಬಿಡುಗಡೆಯಾಗಿ ಬಂದವರು, ಕೊನೆಯವರೆಗೂ ಆಡಿ, ಚೆಂಡು ಹಿಡಿದು ಒಟ್ಟು 911 ಗಜ ಓಡಿ ಇಡೀ ದೇಶದಲ್ಲೇ ಮೊದಲಿಗರಾದರು. ಮತ ಹಾಕುವ ಅವಕಾಶ ನನಗಿದ್ದಿದ್ದರೆ ಮಿಲ್ಲರ್ ಹೆಸರು ಬರೆಯುತ್ತಿದ್ದೆನೋ ಏನೋ.

ಬರ್ಟೆಲ್ಲಿ ಹೊರಟ ಮುಂದಿನ ವಾರವೇ ಭೂಸೇನೆಯ ಸ್ವಂತ ಅಕಾಡೆಮಿಯ ಬಲಿಷ್ಠ ‘ಆರ್ಮಿ’ ತಂಡದ ವಿರುದ್ಧ ಅವರ ಜಾಗಕ್ಕೆ ಬಂದವರು 18 ವರ್ಷದ ಜಾನಿ ಲೂಜ್ಯಾಕ್. ಪಂದ್ಯವನ್ನು 26-0ರಿಂದ ಗೆಲ್ಲಿಸಿಕೊಟ್ಟು, ಮರುವರ್ಷ ತಾವೂ ನೌಕಾಪಡೆಗೆ ಹೋದರು. ತರಬೇತುದಾರ ಫ್ರ್ಯಾಂಕ್ ಲೇಹಿ ಕೂಡ ಹೋದರು. ಇಬ್ಬರೂ 1946ರಲ್ಲಿ ಮರಳಿದರು, ಮತ್ತು 1947ರಲ್ಲಿ ಲೂಜ್ಯಾಕ್ ಅವರಿಗೂ ಹೈಸ್‌ಮನ್ ಟ್ರೋಫಿ ಬಂತು. ಆ ವರ್ಷ ನೋಟರ್ ಡೇಮ್ ಆಡಿದ ಒಂಬತ್ತನ್ನೂ ಗೆದ್ದೇ ಚಾಂಪಿಯನ್ ಆಗಿತ್ತಾದ್ದರಿಂದ, ಆ ಪಟ್ಟಕ್ಕಾದರೂ ನಿಮ್ಮ ತಕರಾರು ಇರಲಾರದು.

— ಸಂಪಾದಕ