ಖುಲಾಸೆಯಾದ ಕೇಸನ್ನು ಫಾರಂನಲ್ಲಿ ಬರೀಬೇಕಾ?

ಪ್ರಶ್ನೆ: ಸಿವಿಲ್ ಪೊಲೀಸ್ ಕಾನ್‌ಸ್ಟೇಬಲ್ ಹುದ್ದೆಗೆ ಆಯ್ಕೆಯಾಗಿದ್ದೇನೆ. 2019ರಲ್ಲಿ, ನನಗೆ 20 ವರ್ಷವಿದ್ದಾಗ, ಹೊಲದ ಬದುವಿನ ವಿಚಾರಕ್ಕೆ ದೊಡ್ಡಪ್ಪನ ಮನೆಯವರ ಜೊತೆ ಜಗಳವಾಯಿತು. ಅಪ್ಪ, ಅಣ್ಣನ ಜೊತೆ ನನ್ನ ಹೆಸರನ್ನೂ ಕಂಪ್ಲೇಂಟಿನಲ್ಲಿ ಸೇರಿಸಿದರು. ಐಪಿಸಿ 323, 504, 506 ಹಾಕಿದ್ದರು. 2022ರಲ್ಲಿ ಖುಲಾಸೆಯಾಯಿತು. ವೆರಿಫಿಕೇಶನ್ ಫಾರಂನಲ್ಲಿ ಇದನ್ನು ಬರೆಯಬೇಕಾ? ಮುಗಿದ ಕೇಸನ್ನು ಸುಮ್ನೆ ಯಾಕೆ ಕೆದಕ್ತೀಯ ಅಂತಾರೆ ಗೆಳೆಯರು.

ಉತ್ತರ: ಬರೆಯಿರಿ. ಈ ವಿಷಯದಲ್ಲಿ ಗೆಳೆಯರ ಮಾತು ಕೇಳಬೇಡಿ.

ಮೊದಲು ಫಾರಂನ ಆ ಕಾಲಂ ಇನ್ನೊಮ್ಮೆ ಓದಿ. ಸಾಮಾನ್ಯವಾಗಿ ಅಲ್ಲಿ ‘ಎಂದಾದರೂ ಬಂಧನವಾಗಿತ್ತೇ, ಕೇಸು ದಾಖಲಾಗಿತ್ತೇ’ ಅಂತ ಇರುತ್ತದೆ. ಆ ‘ಎಂದಾದರೂ’ ಅನ್ನುವ ಒಂದು ಪದಕ್ಕೆ ಎಷ್ಟೋ ಜನ ಕೆಲಸ ಕಳೆದುಕೊಂಡಿದ್ದಾರೆ. ಖುಲಾಸೆಯಾಗಿದೆಯಲ್ಲ ಅಂತ ‘ಇಲ್ಲ’ ಎಂದು ಬರೆದುಬಿಡುತ್ತಾರೆ. ಆಮೇಲೆ ಠಾಣೆಯ ರಿಜಿಸ್ಟರ್‌ನಲ್ಲಿ ಕೇಸು ಸಿಗುತ್ತದೆ. ಬದುವಿನ ಜಗಳ ಅಲ್ಲಿಗೆ ಬದಿಗೆ ಹೋಯಿತು, ಸುಳ್ಳು ಹೇಳಿದ್ದೇ ದೊಡ್ಡದಾಯಿತು. ಶಿಕ್ಷೆಯಾಗಿದೆಯೇ, ಕೇಸು ಬಾಕಿ ಇದೆಯೇ ಎಂದಷ್ಟೇ ಕೇಳಿದ್ದರೆ ಮಾತು ಬೇರೆ. ಕೇಳದ್ದನ್ನು ಮುಚ್ಚಿಟ್ಟ ಅಂತ ಯಾರೂ ತಪ್ಪು ಹೊರಿಸುವ ಹಾಗಿಲ್ಲ.

ಬರೆದ ಮೇಲೆ ಕೆಲಸ ಗ್ಯಾರಂಟಿಯಾ? ಅಲ್ಲ. ಇದನ್ನು ಕೇಳಿ ಬೇಜಾರಾಗಬಹುದು. ಆದರೆ ಕಾನೂನು ಇರುವುದೇ ಹಾಗೆ.

ಇದೇ ವಿಷಯದಲ್ಲಿ ಸುಪ್ರೀಂ ಕೋರ್ಟೇ ಎರಡು ಥರ ಹೇಳಿತ್ತು. 2011ರಲ್ಲಿ ಸಂದೀಪ್ ಕುಮಾರ್ ಎಂಬ ಅಭ್ಯರ್ಥಿಯ ಪ್ರಕರಣ ಬಂತು. ಹೊಡೆದಾಟದ ಕೇಸು ರಾಜಿಯಾಗಿ ಖುಲಾಸೆಯಾಗಿತ್ತು, ಅರ್ಜಿಯಲ್ಲಿ ಅದನ್ನು ಹೇಳಿರಲಿಲ್ಲ. ಚಿಕ್ಕ ವಯಸ್ಸಿನ ತಪ್ಪು, ಕ್ಷಮಿಸಿ ಎಂದಿತು ಕೋರ್ಟು. 2013ರಲ್ಲಿ ಮೆಹರ್ ಸಿಂಗ್ ಪ್ರಕರಣದಲ್ಲಿ ಉಲ್ಟಾ ಆಯಿತು. ಖುಲಾಸೆಯಾದರೂ ಪೊಲೀಸ್ ಕೆಲಸಕ್ಕೆ ಬೇಡ ಎನ್ನುವ ಅಧಿಕಾರ ಇಲಾಖೆಗೆ ಇದೆ ಎಂದಿತು. ಎರಡೂ ದೆಹಲಿ ಪೊಲೀಸ್ ಇಲಾಖೆಯ ನೇಮಕಾತಿಗಳೇ! ಕೊನೆಗೆ 2016ರಲ್ಲಿ ಅವತಾರ್ ಸಿಂಗ್ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಗೊಂದಲ ಬಗೆಹರಿಸಿತು. ಸಣ್ಣಪುಟ್ಟ ಕೇಸಾದರೆ ಇಲಾಖೆ ಬಿಟ್ಟುಬಿಡಬಹುದು. ಗಂಭೀರ ಆರೋಪದಲ್ಲಿ ತಾಂತ್ರಿಕ ಕಾರಣಕ್ಕೋ ಸಂಶಯದ ಲಾಭದಿಂದಲೋ ಬಿಡುಗಡೆಯಾಗಿದ್ದರೆ ಎಲ್ಲವನ್ನೂ ನೋಡಿ ತೀರ್ಮಾನಿಸಬಹುದು. ನಿಜ ಹೇಳಿದವರಿಗೂ ಕೆಲಸ ಕೊಡಲೇಬೇಕೆಂದೇನಿಲ್ಲ, ಆದರೆ ಮನಸ್ಸಿಗೆ ಬಂದ ಹಾಗೆ ತಿರಸ್ಕರಿಸುವಂತೆಯೂ ಇಲ್ಲ.

ನಿಮ್ಮ ಕೇಸು ಹೇಗೆ ಖುಲಾಸೆಯಾಯಿತು ಅಂತ ನೀವು ಬರೆದಿಲ್ಲ. ತೀರ್ಪಿನ ಕೊನೆಯ ಎರಡು ಪುಟ ತೆಗೆದು ನೋಡಿ. ಸಾಕ್ಷಿಗಳು ತಿರುಗಿಬಿದ್ದರಾ? ರಾಜಿಯಾಯಿತಾ? ಅಥವಾ ಎಲ್ಲರ ಸಾಕ್ಷ್ಯ ಕೇಳಿಯೇ ಆರೋಪ ಸುಳ್ಳು ಎಂದರಾ? ಕೊನೆಯದನ್ನು ಗೌರವಯುತ ಖುಲಾಸೆ ಎನ್ನುತ್ತಾರೆ, ಅದಕ್ಕೆ ತೂಕ ಜಾಸ್ತಿ. ಹಳ್ಳಿ ಜಗಳಗಳಲ್ಲಿ ಅಂಥ ತೀರ್ಪು ಸಿಗುವುದು ಅಪರೂಪ ಬಿಡಿ. ಊರ ಹಿರಿಯರು ಕೂರಿಸಿ ಮಾತಾಡಿಸಿರುತ್ತಾರೆ, ಸಾಕ್ಷಿಗಳು ಕೋರ್ಟಿನಲ್ಲಿ ‘ನಾನು ನೋಡಿಲ್ಲ’ ಅನ್ನುತ್ತಾರೆ. ಆದರೂ ನಿಮ್ಮ ಮೇಲಿನ ಕಲಂಗಳು ದೊಡ್ಡವಲ್ಲ: ಸಣ್ಣ ಹೊಡೆತ, ಬೈಗುಳ, ಬೆದರಿಕೆ. ವಯಸ್ಸೂ ಚಿಕ್ಕದಿತ್ತು, ಜಗಳವೂ ಮನೆಯೊಳಗಿನದು. ನನ್ನ ಪ್ರಕಾರ ನಿಮ್ಮ ಪರ ಹೇಳುವುದಕ್ಕೆ ಬೇಕಾದಷ್ಟಿದೆ.

ಫಾರಂನಲ್ಲಿ ಠಾಣೆ, ಕ್ರೈಂ ನಂಬರ್ (ಠಾಣೆಯ ಎಫ್‌ಐಆರ್ ಸಂಖ್ಯೆ), ಸಿ.ಸಿ. ನಂಬರ್ (ಕೋರ್ಟು ಕೇಸಿಗೆ ಕೊಟ್ಟ ಸಂಖ್ಯೆ), ತೀರ್ಪಿನ ದಿನಾಂಕ ಬರೆದು, ತೀರ್ಪಿನ ದೃಢೀಕೃತ ನಕಲು ಲಗತ್ತಿಸಿ. ಜಾಗ ಸಾಲದಿದ್ದರೆ ಬೇರೆ ಹಾಳೆ ಸೇರಿಸಿ, ಒಂದು ಝೆರಾಕ್ಸ್ ನಿಮ್ಮ ಬಳಿ ಇಟ್ಟುಕೊಳ್ಳಿ. ಒಂದು ವೇಳೆ ತಿರಸ್ಕರಿಸಿದರೆ ಕಾರಣ ಬರವಣಿಗೆಯಲ್ಲೇ ಕೇಳಿ. ಅಂತಿಮ ಆದೇಶ ಬಂದ ಒಂದು ವರ್ಷದೊಳಗೆ ಸರ್ಕಾರಿ ನೌಕರಿಯ ತಕರಾರುಗಳನ್ನು ವಿಚಾರಿಸುವ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬಹುದು. ಬೆಂಗಳೂರಿಗೇ ಬರಬೇಕೆಂದಿಲ್ಲ, ಬೆಳಗಾವಿ, ಕಲಬುರಗಿಯಲ್ಲೂ ಪೀಠಗಳಿವೆ.